ಕಂತು ಹೇಳಿದರೆ ಸಾಲದು, ಕಂತಿನ ಎಣಿಕೆಯನ್ನೂ ಹೇಳಿ: ಕೊಡಗಿನ ಮನೆ ಸಾಲದ ಬಗ್ಗೆ ಒಂದು ಬಹಿರಂಗ ಪತ್ರ

ಮಾನ್ಯ ಜಿಲ್ಲಾಧಿಕಾರಿಗಳು ಹಾಗೂ ಜಿಲ್ಲಾ ಸಮಾಲೋಚನಾ ಸಮಿತಿಯ ಅಧ್ಯಕ್ಷರು, ಕೊಡಗು ಜಿಲ್ಲೆ, ಇವರಿಗೆ;
ಲೀಡ್ ಬ್ಯಾಂಕಿನ (ಜಿಲ್ಲೆಯ ಬ್ಯಾಂಕುಗಳ ಕೆಲಸ ಹೊಂದಿಸುವ ಬ್ಯಾಂಕಿನ) ಜಿಲ್ಲಾ ವ್ಯವಸ್ಥಾಪಕರಿಗೆ;
ಮನೆ ಸಾಲ ಪಡೆದಿರುವ ಮತ್ತು ಪಡೆಯಲಿರುವ ಜಿಲ್ಲೆಯ ಎಲ್ಲರಿಗೆ

ಮಾನ್ಯರೇ,

ಕಾಫಿ ಕೊಯ್ಲು ಮುಗಿದು ಕರಿಮೆಣಸು ಕಣಕ್ಕೆ ಬರುವ ಹೊತ್ತಿಗೆ ನಮ್ಮ ಜಿಲ್ಲೆಯಲ್ಲಿ ಮನೆ ಕಟ್ಟುವ ಮಾತು ಜೋರಾಗುತ್ತದೆ. ಮಳೆಗೆ ಮುಂಚೆ ಪಾಯ ಆಗಬೇಕು, ಅದಕ್ಕೂ ಮುಂಚೆ ಸಾಲ ಆಗಬೇಕು. ಈ ಅವಸರದಲ್ಲಿ ಬ್ಯಾಂಕಿಗೆ ಹೋದವರು ಮೊದಲು ಕೇಳುವುದು ‘ತಿಂಗಳಿಗೆ ಎಷ್ಟು ಬೀಳುತ್ತದೆ?’ ಎಂದು. ಅದಕ್ಕೆ ಕೂಡಲೇ ಉತ್ತರ ಸಿಗುತ್ತದೆ. ಎಷ್ಟು ತಿಂಗಳು, ಕೊನೆಗೆ ಒಟ್ಟು ಎಷ್ಟಾಗುತ್ತದೆ, ಆ ಎಣಿಕೆ ನಡುವೆ ಬದಲಾದರೆ ನಮಗೆ ಹೇಳುವವರು ಯಾರು ಎಂಬ ಮುಂದಿನ ಪ್ರಶ್ನೆಗಳನ್ನು ಹೆಚ್ಚಿನವರು ಕೇಳುವುದಿಲ್ಲ. ಕೇಳದಿದ್ದರೆ ಹೇಳುವವರೂ ಕಡಿಮೆ. ಸಾಲದ ಕಾಗದಪತ್ರ, ಲೆಕ್ಕಪತ್ರ ನೋಡುವುದೇ ಕಸುಬಾಗಿರುವ ನಾವು ಕೆಲವರು ಸೇರಿ ಈ ಪತ್ರ ಬರೆಯುತ್ತಿರುವುದು ಆ ಪ್ರಶ್ನೆಗಳಿಗಾಗಿಯೇ.

ಒಂದು ಸಾದಾ ಲೆಕ್ಕ ಇಟ್ಟುಕೊಳ್ಳೋಣ. 30 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷ ಅವಧಿ. ತಿಂಗಳ ಕಂತು 26,035 ರೂಪಾಯಿ. ಊರಿನ ಬಾಯಿಲೆಕ್ಕದಲ್ಲಿ ಇದು ನೂರಕ್ಕೆ ತಿಂಗಳಿಗೆ ಎಪ್ಪತ್ತೊಂದು ಪೈಸೆ ಬಡ್ಡಿ. ಕೈಸಾಲಕ್ಕೆ ನೂರಕ್ಕೆ ಎರಡು, ಮೂರು ರೂಪಾಯಿ ಕೊಟ್ಟು ಗೊತ್ತಿರುವವರಿಗೆ ಇದು ಬಹಳ ಅಗ್ಗವಾಗಿ ಕಾಣುತ್ತದೆ, ನಿಜಕ್ಕೂ ಅಗ್ಗವೇ. ಆದರೆ ಕೈಸಾಲ ಒಂದೆರಡು ವರ್ಷದಲ್ಲಿ ತೀರುತ್ತದೆ, ಇದು 240 ತಿಂಗಳು ನಡೆಯುತ್ತದೆ. 26,035ನ್ನು 240ರಿಂದ ಗುಣಿಸಿದರೆ 62.48 ಲಕ್ಷ. ಪಡೆದದ್ದು 30 ಲಕ್ಷ, ಬಡ್ಡಿಯೊಂದೇ 32.48 ಲಕ್ಷ. ಒಂದು ಮನೆಯ ದುಡ್ಡಿನಲ್ಲಿ ಎರಡು ಮನೆ ಕಟ್ಟಬಹುದಿತ್ತು ಎಂದು ಹೆದರಿಸುವುದು ನಮ್ಮ ಉದ್ದೇಶವಲ್ಲ. 20 ವರ್ಷದ ನಂತರದ ರೂಪಾಯಿಗೆ ಇಂದಿನ ಬೆಲೆ ಇರುವುದಿಲ್ಲ, ಅಷ್ಟು ವರ್ಷ ಬಾಡಿಗೆಯೂ ಉಳಿಯುತ್ತದೆ. ಆದರೂ ಈ 62.48 ಎಂಬ ಅಂಕಿ ಸಹಿ ಹಾಕುವ ಮುನ್ನ ಸಾಲಗಾರನ ಕಣ್ಣಿಗೆ ಬೀಳಬೇಕು.

ಮರುಪಾವತಿ ಪಟ್ಟಿಯ ಮೊದಲ ಸಾಲನ್ನು ಹತ್ತಿರದಿಂದ ನೋಡಿ. ಮೊದಲ ಕಂತು 26,035. ಅದರಲ್ಲಿ ಬಡ್ಡಿಗೆ 21,250, ಅಸಲಿಗೆ 4,785. ಅಂದರೆ ಕಟ್ಟಿದ ನೂರು ರೂಪಾಯಿಯಲ್ಲಿ ಎಂಬತ್ತೊಂದಕ್ಕೂ ಹೆಚ್ಚು ಬಡ್ಡಿಗೇ ಹೋಯಿತು. ಬ್ಯಾಂಕ್ ಇಲ್ಲಿ ಮೋಸವೇನೂ ಮಾಡಿಲ್ಲ. ಬಾಕಿ 30 ಲಕ್ಷ ಇರುವಾಗ ಒಂದು ತಿಂಗಳ ಬಡ್ಡಿ ಅಷ್ಟೇ ಆಗುತ್ತದೆ. ಮೊದಲ ವರ್ಷವಿಡೀ 3.12 ಲಕ್ಷ ಕಟ್ಟಿದ ಮೇಲೆ ಅಸಲು ಕರಗುವುದು 60 ಸಾವಿರಕ್ಕೂ ತುಸು ಕಡಿಮೆ. ಐದು ವರ್ಷಕ್ಕೆ ಕಟ್ಟಿದ್ದು 15.62 ಲಕ್ಷ, ಇಳಿದ ಅಸಲು 3.56 ಲಕ್ಷ, ಬಾಕಿ ಇನ್ನೂ 26.44 ಲಕ್ಷ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು 143ನೇ ತಿಂಗಳಲ್ಲಿ, ಹನ್ನೆರಡನೇ ವರ್ಷ ಮುಗಿಯುವ ಹೊತ್ತಿಗೆ. ಅಸಲು ಅರ್ಧಕ್ಕೆ ಬರಲು ಹದಿಮೂರು ವರ್ಷ ಹತ್ತು ತಿಂಗಳು ಬೇಕು. ಮಗಳ ಮದುವೆಗೋ ಮಗನ ಓದಿಗೋ ಏಳೆಂಟು ವರ್ಷದ ನಂತರ ಮನೆ ಮಾರಿ ಸಾಲ ತೀರಿಸಲು ಹೊರಟವರು ‘ಇಷ್ಟು ಕಟ್ಟಿದ್ದೇವೆ, ಇನ್ನೂ ಇಷ್ಟು ಬಾಕಿಯೇ?’ ಎಂದು ಕೌಂಟರಿನಲ್ಲಿ ದಿಗಿಲಾಗುವುದು ಈ ಪಟ್ಟಿಯನ್ನು ಮೊದಲೇ ನೋಡದೆ ಇದ್ದುದರಿಂದ.

ಅವಧಿಯ ವಿಷಯದಲ್ಲಿ ಆಗುವ ತಪ್ಪು ಇದಕ್ಕಿಂತ ದೊಡ್ಡದು. ಅದೇ 30 ಲಕ್ಷವನ್ನು 30 ವರ್ಷಕ್ಕೆ ಹಾಕಿಸಿಕೊಂಡರೆ ಕಂತು 23,067ಕ್ಕೆ ಇಳಿಯುತ್ತದೆ. ತಿಂಗಳಿಗೆ ಸುಮಾರು ಮೂರು ಸಾವಿರ ಹಗುರ. ಒಟ್ಟು ಬಡ್ಡಿ ಮಾತ್ರ 53.04 ಲಕ್ಷಕ್ಕೆ ಏರುತ್ತದೆ, ಅಂದರೆ 20 ವರ್ಷದ ಸಾಲಕ್ಕಿಂತ 20 ಲಕ್ಷಕ್ಕೂ ಹೆಚ್ಚು. ಇತ್ತ 15 ವರ್ಷಕ್ಕೆ ಇಳಿಸಿದರೆ ಕಂತು 29,542. ತಿಂಗಳಿಗೆ ಮೂರೂವರೆ ಸಾವಿರ ಹೆಚ್ಚು ಕಟ್ಟಿದರೆ ಬಡ್ಡಿಯಲ್ಲಿ 9.31 ಲಕ್ಷ ಉಳಿತಾಯ. ಬಡ್ಡಿ ದರದಲ್ಲಿ ಅರ್ಧ ಪರ್ಸೆಂಟ್ ಕಡಿಮೆ ಮಾಡಿಸಲು ನಾಲ್ಕು ಬ್ಯಾಂಕ್ ಸುತ್ತುವವರಿದ್ದಾರೆ. ಅದರಿಂದ 20 ವರ್ಷದಲ್ಲಿ ಉಳಿಯುವುದು 2.26 ಲಕ್ಷ. ಸುತ್ತುವುದು ಒಳ್ಳೆಯದೇ, ಆದರೆ ಅವಧಿಯ ಮುಂದೆ ಅದು ಸಣ್ಣದು.

ಇನ್ನು ಅವಧಿ ತಾನೇ ಬೆಳೆಯುವ ವಿಷಯ. ನಮ್ಮ ಪತ್ರದ ಮುಖ್ಯ ಅಹವಾಲು ಇದೇ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ದರದ, ಅಂದರೆ ನಡುವೆ ಏರಿಳಿಯುವ ದರದ, ಮನೆ ಸಾಲಗಳು ರೆಪೊ ದರದಂಥ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಅಲ್ಪಾವಧಿ ಸಾಲ ಕೊಡುವ ದರ) ಹೊರಗಿನ ಮಾನದಂಡಕ್ಕೆ ಕಟ್ಟಿಕೊಂಡಿವೆ. ರೆಪೊ ಏರಿದರೆ ಮೂರು ತಿಂಗಳೊಳಗೆ ನಮ್ಮ ದರವೂ ಏರುತ್ತದೆ. 2022ರ ಮೇ ತಿಂಗಳ ಆರಂಭಕ್ಕೆ ಶೇ 4 ಇದ್ದ ರೆಪೊ 2023ರ ಫೆಬ್ರುವರಿಗೆ ಶೇ 6.5 ಆಯಿತು. ಒಂಬತ್ತು ತಿಂಗಳಲ್ಲಿ ಎರಡೂವರೆ ಪರ್ಸೆಂಟ್. ಆ ಏರಿಕೆಗೆ ಮುಂಚೆ ಶೇ 6.75ಕ್ಕೆ 30 ಲಕ್ಷವನ್ನು 20 ವರ್ಷಕ್ಕೆ ಪಡೆದವರ ಕಂತು 22,811. ಒಂದೂವರೆ ವರ್ಷ ಕಟ್ಟಿದ ಮೇಲೆ ದರ 9.25 ಆಯಿತು ಎನ್ನಿ. ಲೆಕ್ಕ ಸುಲಭವಾಗಲೆಂದು ಒಂದೇ ಸಲ ಏರಿತೆಂದು ಹಿಡಿಯೋಣ. ಆಗ ಬಾಕಿ 28.88 ಲಕ್ಷ, ಅದರ ಒಂದು ತಿಂಗಳ ಬಡ್ಡಿ 22,261. ಕಂತು ಮೊದಲಿನಷ್ಟೇ ಇಟ್ಟರೆ ಅಸಲಿಗೆ ಹೋಗುವುದು ಬರೀ 550 ರೂಪಾಯಿ! ಉಳಿದಿದ್ದ 222 ಕಂತು 485 ಆಗುತ್ತದೆ. ಹದಿನೆಂಟೂವರೆ ವರ್ಷದಲ್ಲಿ ಮುಗಿಯಬೇಕಿದ್ದ ಸಾಲಕ್ಕೆ ನಲವತ್ತು ವರ್ಷ ದಾಟಿತು. ಖಾತೆಯಿಂದ ಪ್ರತಿ ತಿಂಗಳು ಅದೇ 22,811 ಕಡಿತವಾಗುತ್ತಿರುವುದರಿಂದ ಮನೆಯವರಿಗೆ ಏನೂ ಬದಲಾದಂತೆ ಕಾಣುವುದಿಲ್ಲ.

ಅವಧಿ ಹಾಗೇ ಉಳಿಸಿಕೊಳ್ಳಬೇಕೆಂದರೆ ಆ ದಿನವೇ ಕಂತನ್ನು 27,208ಕ್ಕೆ ಏರಿಸಬೇಕಿತ್ತು. ತಿಂಗಳಿಗೆ 4,400 ಹೆಚ್ಚು ಎಂಬುದು ಭಾರವೇ. ಆದರೆ ಎರಡೂ ದಾರಿಯ ಮುಂದಿನ ಒಟ್ಟು ಪಾವತಿ ಹೋಲಿಸಿದರೆ ಒಂದು 60.4 ಲಕ್ಷ, ಇನ್ನೊಂದು 1.1 ಕೋಟಿ. ಸಾಲಗಾರರ ವಯಸ್ಸಿನ ಮಿತಿ ಇರುವುದರಿಂದ ಬ್ಯಾಂಕುಗಳು ನಲವತ್ತು ವರ್ಷದವರೆಗೆ ಎಳೆಯದೆ ಅವಧಿ ಸ್ವಲ್ಪ, ಕಂತು ಸ್ವಲ್ಪ ಏರಿಸುತ್ತವೆ, ನಿಜ. ಎಷ್ಟು ಏರಿಸಿದರು, ಯಾವುದನ್ನು ಏರಿಸಿದರು ಎಂಬುದು ಸಾಲಗಾರನಿಗೆ ತಿಳಿಯಬೇಕು, ಮತ್ತು ಆರಿಸುವ ಹಕ್ಕು ಅವನದಾಗಬೇಕು.

ಈ ಹಕ್ಕು ಈಗಾಗಲೇ ಇದೆ. ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ಸ್ಪಷ್ಟವಾಗಿ ಹೇಳಿದೆ: ದರ ಬದಲಾದಾಗ ಕಂತು ಏರಿಸಬೇಕೇ, ಅವಧಿ ಹೆಚ್ಚಿಸಬೇಕೇ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೇ ಎಂದು ಆರಿಸಿಕೊಳ್ಳುವ ಅವಕಾಶ ಸಾಲಗಾರನಿಗೆ ಕೊಡಬೇಕು. ಅವಧಿ ಬೆಳೆಸುವ ಭರದಲ್ಲಿ ಬಡ್ಡಿಯೂ ತುಂಬದ ಕಂತು ಬೀಳಬಾರದು. ಪ್ರತಿ ಮೂರು ತಿಂಗಳಿಗೊಮ್ಮೆ ಒಂದು ಹೇಳಿಕೆ ಸಾಲಗಾರನಿಗೆ ಸಿಗುವಂತಿರಬೇಕು. ಅದರಲ್ಲಿ ಈವರೆಗೆ ವಸೂಲಾದ ಅಸಲು, ವಸೂಲಾದ ಬಡ್ಡಿ, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ, ವಾರ್ಷಿಕ ದರ ಇರಬೇಕು, ಸುಲಭವಾಗಿ ಅರ್ಥವಾಗುವಂತಿರಬೇಕು. ಈ ಹೇಳಿಕೆ ಹೆಚ್ಚಾಗಿ ಮೊಬೈಲ್ ಆ್ಯಪಿನ ಒಳಗೆಲ್ಲೋ ಇಂಗ್ಲಿಷಿನಲ್ಲಿ ಕೂತಿರುತ್ತದೆ. ಮಳೆಗಾಲದಲ್ಲಿ ವಾರಗಟ್ಟಲೆ ಕರೆಂಟ್ ಇಲ್ಲದ, ನೆಟ್‌ವರ್ಕ್ ಸಿಗದ ಊರುಗಳಿರುವ ಜಿಲ್ಲೆಗೆ ಅದು ಸಾಲದು. ರೆಪೊ 2025ರ ಫೆಬ್ರುವರಿಯಿಂದ ಇಳಿಯತೊಡಗಿ ಜೂನ್ ಹೊತ್ತಿಗೆ ಶೇ 5.5ಕ್ಕೆ ಬಂತು. ಏರುವಾಗ ಬೆಳೆದ ಅವಧಿ ಇಳಿಯುವಾಗ ಎಷ್ಟು ಕುಗ್ಗಿತು? ಇದನ್ನು ಪ್ರತಿಯೊಬ್ಬ ಸಾಲಗಾರನೂ ತನ್ನ ಶಾಖೆಯಲ್ಲಿ ಲಿಖಿತವಾಗಿ ಕೇಳಬೇಕು.

ಹೊಸದಾಗಿ ಸಾಲ ಪಡೆಯುವವರಿಗೆ ಇನ್ನೊಂದು ಕಾಗದವಿದೆ. 2024ರ ಅಕ್ಟೋಬರ್ 1ರಿಂದ ಬ್ಯಾಂಕು, ಸಹಕಾರಿ ಬ್ಯಾಂಕು, ಹೌಸಿಂಗ್ ಫೈನಾನ್ಸ್ ಕಂಪನಿ ಯಾವುದೇ ಇರಲಿ, ಸಹಿಗೆ ಮೊದಲು ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಎಂಬ ಪತ್ರ ಕೊಡಬೇಕು. ಸಾಲದ ಮುಖ್ಯ ಸಂಗತಿಗಳ ಪಟ್ಟಿ ಅದು. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು, ಓದಿ ವಿವರಿಸಬೇಕು, ಅರ್ಥವಾಯಿತೆಂದು ಅವನಿಂದ ಒಪ್ಪಿಗೆ ಪಡೆಯಬೇಕು. ಅದರ ಷರತ್ತುಗಳಿಗೆ ಕನಿಷ್ಠ ಮೂರು ಕೆಲಸದ ದಿನಗಳ ಸಿಂಧುತ್ವ ಇರುತ್ತದೆ. ಅಂದರೆ ಮನೆಗೆ ಒಯ್ದು, ತಿಳಿದವರಿಗೆ ತೋರಿಸಿ, ಯೋಚಿಸಿ ಬಂದು ಸಹಿ ಹಾಕಬಹುದು. ‘ಈಗಲೇ ಸಹಿ ಹಾಕಿ’ ಎಂಬ ಮಾತಿಗೆ ಮಣಿಯಬೇಕಾಗಿಲ್ಲ. ಆ ಪತ್ರದಲ್ಲಿ ಎರಡು ಕಡೆ ಬೆರಳಿಟ್ಟು ನೋಡಿ. ಒಂದು, ಎಪಿಆರ್. ಜಾಹೀರಾತಿನ ದರದ ಮೇಲೆ ಪ್ರೊಸೆಸಿಂಗ್ ಶುಲ್ಕ, ಲೀಗಲ್ ಒಪೀನಿಯನ್, ವಿಮೆ ಎಲ್ಲ ಸೇರಿಸಿದಾಗ ಬರುವ ನಿಜವಾದ ವಾರ್ಷಿಕ ವೆಚ್ಚ ಅದು. ಎರಡು ಬ್ಯಾಂಕ್ ಹೋಲಿಸುವಾಗ ಜಾಹೀರಾತಿನ ದರ ಬಿಟ್ಟು ಎಪಿಆರ್ ಹೋಲಿಸಿ. ಇನ್ನೊಂದು, ಕೊನೆಗಿರುವ ಮರುಪಾವತಿ ಪಟ್ಟಿ. ಈ ಪತ್ರದಲ್ಲಿ ನಮೂದಾಗದ ಯಾವ ಶುಲ್ಕವನ್ನೂ ಸಾಲಗಾರನ ಸ್ಪಷ್ಟ ಒಪ್ಪಿಗೆಯಿಲ್ಲದೆ ಮುಂದೆ ವಸೂಲು ಮಾಡುವಂತಿಲ್ಲ.

ಶುಲ್ಕಗಳಲ್ಲಿ ಪ್ರೊಸೆಸಿಂಗ್ ಎಲ್ಲರಿಗೂ ಗೊತ್ತು. ಶೇ 0.5 ಇದ್ದರೆ 30 ಲಕ್ಷಕ್ಕೆ 15,000, ಜಿಎಸ್‌ಟಿ ಸೇರಿ 17,700. ಒಮ್ಮೆ ಕಟ್ಟಿದರೆ ಮುಗಿಯಿತು. ಕಣ್ಣಿಗೆ ಬೀಳದೆ ಬೆಳೆಯುವುದು ಸಾಲಕ್ಕೆ ಸೇರಿಸಿದ ವಿಮೆಯ ಕಂತು. ಸಾಲಗಾರ ತೀರಿಕೊಂಡರೆ ಬಾಕಿ ತೀರಿಸುವ ವಿಮೆಗೆ ಒಂದು ಲಕ್ಷ ಪ್ರೀಮಿಯಂ ಎನ್ನಿ. ‘ಕೈಯಿಂದ ಕೊಡಬೇಕಾಗಿಲ್ಲ, ಸಾಲಕ್ಕೇ ಸೇರಿಸುತ್ತೇವೆ’ ಎನ್ನುತ್ತಾರೆ. ಅದೇ ದರಕ್ಕೆ 20 ವರ್ಷದಲ್ಲಿ ಆ ಒಂದು ಲಕ್ಷ 2.08 ಲಕ್ಷವಾಗುತ್ತದೆ. ಮನೆಯ ದುಡಿಯುವ ಜೀವಕ್ಕೆ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಪ್ರತ್ಯೇಕವಾಗಿ ಟರ್ಮ್ ಪಾಲಿಸಿ (ಅವಧಿಯೊಳಗೆ ತೀರಿಕೊಂಡರೆ ಮಾತ್ರ ಹಣ ಕೊಡುವ ಜೀವ ವಿಮೆ) ಮಾಡಿ ವರ್ಷ ವರ್ಷ ಪ್ರೀಮಿಯಂ ಕಟ್ಟುವುದರ ಬೆಲೆಯನ್ನೂ ಕೇಳಿ ನೋಡಿದ ಮೇಲೆ ನಿರ್ಧರಿಸಿ.

ಇನ್ನು ನಮ್ಮ ಮಳೆ. ಕಟ್ಟುವ ಮನೆಗೆ ಬ್ಯಾಂಕ್ ದುಡ್ಡನ್ನು ಹಂತ ಹಂತವಾಗಿ ಬಿಡುತ್ತದೆ: ಪಾಯ, ಲಿಂಟಲ್, ಸ್ಲ್ಯಾಬ್, ಗಾರೆ. ಬಿಟ್ಟಷ್ಟು ದುಡ್ಡಿಗೆ ಅಂದಿನಿಂದ ಬಡ್ಡಿ ಓಡುತ್ತದೆ. ಮನೆ ಮುಗಿದು ಪೂರ್ಣ ಕಂತು ಶುರುವಾಗುವ ತನಕ ಕಟ್ಟುವುದೆಲ್ಲ ಬರೀ ಬಡ್ಡಿ, ಅಸಲು ಒಂದು ಪೈಸೆಯೂ ಇಳಿಯುವುದಿಲ್ಲ. ಮೇ ಕೊನೆಗೆ 12 ಲಕ್ಷ ಪಡೆದು ಲಿಂಟಲ್ ಮಟ್ಟಕ್ಕೆ ನಿಂತ ಮನೆಗೆ ಜೂನ್‌ನಿಂದ ಸೆಪ್ಟೆಂಬರ್ ತನಕ ತಿಂಗಳಿಗೆ 8,500ರಂತೆ 34,000 ಬಡ್ಡಿ ಹೋಗುತ್ತದೆ, ಗೋಡೆ ನೆನೆಯುತ್ತಾ ನಿಂತಿರುತ್ತದೆ. ಆದ್ದರಿಂದ ಬಯಲುಸೀಮೆಯ ಕಂಟ್ರಾಕ್ಟರನ ವೇಳಾಪಟ್ಟಿಯನ್ನು ಇಲ್ಲಿಗೆ ಹೊಂದಿಸಬೇಡಿ. ಮಳೆ ಬಿಟ್ಟ ಕೂಡಲೇ ಅಕ್ಟೋಬರ್‌ನಲ್ಲಿ ಪಾಯ ಹಾಕಿ ಮೇ ಒಳಗೆ ಸ್ಲ್ಯಾಬ್ ಮುಗಿಸುವಂತೆ ಲೆಕ್ಕ ಹಾಕಿ, ಸಾಲದ ಅರ್ಜಿಯನ್ನು ಆಗಸ್ಟ್‌ನಲ್ಲೇ ಕೊಡಿ. ಮಾರ್ಚ್‌ನಲ್ಲಿ ಮಂಜೂರಾದರೆ ಮೊದಲ ಮಳೆಗೆ ಮುಂಚೆ ಪೂರ್ತಿ ದುಡ್ಡು ಎತ್ತುವ ಆಸೆ ಬೇಡ. ಆ ಹಂತಕ್ಕೆ ಎಷ್ಟು ಬೇಕೋ ಅಷ್ಟೇ ಎತ್ತಿ.

ಅಂದಾಜುಪಟ್ಟಿಯಲ್ಲಿ ಇಲ್ಲದ ಖರ್ಚು ಕೊಡಗಿನಲ್ಲಿ ಮನೆ ಸಾಲವನ್ನು ಹಾಳು ಮಾಡುವ ಇನ್ನೊಂದು ಕಾರಣ. ಇಳಿಜಾರು ಜಾಗಕ್ಕೆ ತಡೆಗೋಡೆ, ಬರೆಯಿಂದ (ಕಡಿದ ಗುಡ್ಡದ ಬದಿಯಿಂದ) ಇಳಿಯುವ ನೀರಿಗೆ ಚರಂಡಿ, ತಾರಸಿ ಸೋರದಂತೆ ಮೇಲೊಂದು ಶೀಟಿನ ಮಾಡು, ಬಾವಿ ಅಥವಾ ಬೋರ್‌ವೆಲ್, ಲಾರಿ ಬರುವಷ್ಟು ದಾರಿ. ಮಂಜೂರಾದ ನಕ್ಷೆಯ ಅಂದಾಜಿನಲ್ಲಿ ಇವು ಬಹಳ ಸಲ ಇರುವುದೇ ಇಲ್ಲ. ನಿವೇಶನ ಕೊಂಡು ಕಟ್ಟುವವರಿಗೆ ಅದರ ಮೇಲೆ ನೋಂದಣಿ ಖರ್ಚು: ಮುದ್ರಾಂಕ ಶುಲ್ಕ ಶೇ 5, ಅದಕ್ಕೆ ಸೆಸ್ಸು ಮತ್ತು ಸರ್ಚಾರ್ಜು, ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರ ಬದಲು ಶೇ 2. ಎಲ್ಲ ಸೇರಿ ನೂರಕ್ಕೆ ಏಳೂವರೆ ರೂಪಾಯಿ ದಾಟುತ್ತದೆ. 30 ಲಕ್ಷದವರೆಗಿನ ಸಾಲಕ್ಕೆ ಆಸ್ತಿ ಬೆಲೆಯ ಶೇ 90ರವರೆಗೆ ಸಾಲ ಕೊಡಬಹುದಾದರೂ, ಆ ಬೆಲೆಯಲ್ಲಿ ನೋಂದಣಿ ಖರ್ಚನ್ನು ಸಾಮಾನ್ಯವಾಗಿ ಸೇರಿಸುವುದಿಲ್ಲ. ಕೊರತೆ ಬಿದ್ದ 5 ಲಕ್ಷಕ್ಕೆ ಶೇ 14ರ ಪರ್ಸನಲ್ ಲೋನ್ ಐದು ವರ್ಷಕ್ಕೆ ಮಾಡಿದರೆ ಅದರ ಕಂತೇ 11,634. ಎರಡೂ ಸೇರಿ ತಿಂಗಳಿಗೆ 37,669. ಈ ಎರಡನೇ ಸಾಲವೇ ಹಲವು ಮನೆಗಳಲ್ಲಿ ಮೊದಲನೆಯ ಸಾಲದ ಕಂತು ತಪ್ಪಿಸುವುದು. ಎಂಜಿನಿಯರಿಗೆ ತಡೆಗೋಡೆ, ಚರಂಡಿ, ಶೀಟಿನ ಮಾಡನ್ನು ಅಂದಾಜಿನಲ್ಲೇ ಬರೆಯಲು ಹೇಳಿ. ಬರೆದರೆ ಮನೆ ಸಾಲದ ದರಕ್ಕೇ ಅದಕ್ಕೂ ದುಡ್ಡು ಕೇಳಲು ದಾರಿಯಾಗುತ್ತದೆ.

2018ರ ಆಗಸ್ಟ್ ಮಳೆಯಲ್ಲಿ ಮಡಿಕೇರಿ ಸುತ್ತಮುತ್ತಲ ಮಕ್ಕಂದೂರು, ಜೋಡುಪಾಲದ ಕಡೆ ಏನಾಯಿತೆಂದು ಹೇಳಬೇಕಾಗಿಲ್ಲ. ಮನೆ ಮಣ್ಣಿನಡಿ ಹೋದರೂ ಸಾಲ ಬ್ಯಾಂಕಿನ ಪುಸ್ತಕದಲ್ಲಿ ಉಳಿಯುತ್ತದೆ. ಸಾಲದ ಜೊತೆ ಮಾಡಿಸುವ ವಿಮೆ ಯಾವುದೆಂದು ಈ ಕಾರಣಕ್ಕೇ ನೋಡಬೇಕು: ಜೀವ ವಿಮೆಯೇ, ಮನೆಯ ವಿಮೆಯೇ? 2021ರ ಏಪ್ರಿಲ್‌ನಿಂದ ಸಾಮಾನ್ಯ ವಿಮಾ ಕಂಪನಿಗಳು ಮಾರುತ್ತಿರುವ ‘ಭಾರತ್ ಗೃಹ ರಕ್ಷಾ’ ಎಂಬ ಒಂದೇ ಮಾದರಿಯ ಪಾಲಿಸಿಯಲ್ಲಿ ಪ್ರವಾಹ, ಭೂಕುಸಿತ, ಬಂಡೆ ಉರುಳುವುದು, ಮನೆಯಡಿಯ ನೆಲ ಕುಸಿಯುವುದು ಸೇರಿವೆ. ವಿಮೆಯ ಮೊತ್ತ ಮನೆಯನ್ನು ಮತ್ತೆ ಕಟ್ಟುವ ಖರ್ಚಿಗೆ ತಕ್ಕಂತೆ ಇರುತ್ತದೆ, ಜಾಗದ ಬೆಲೆ ಅದರಲ್ಲಿಲ್ಲ. ಆದರೆ ಅದೇ ಪಾಲಿಸಿಯ ಹೊರಗಿಟ್ಟ ಸಂಗತಿಗಳ ಪಟ್ಟಿಯನ್ನು ಓದಿ. ಹೊಸ ಕಟ್ಟಡ ಸಹಜವಾಗಿ ಇಳಿದು ಬಿರುಕು ಬಿಡುವುದು, ಮಣ್ಣು ತುಂಬಿ ಮಾಡಿದ ನೆಲ ಕುಗ್ಗುವುದು, ವಿನ್ಯಾಸದ ದೋಷ ಇವಕ್ಕೆ ಪರಿಹಾರವಿಲ್ಲ. ಜೆಸಿಬಿ ತಂದು ಮೇಲಿನ ಬರೆ ಕಡಿದು, ಆ ಮಣ್ಣನ್ನೇ ಕೆಳಕ್ಕೆ ದೂಡಿ ಮಟ್ಟ ಮಾಡಿದ ಜಾಗದಲ್ಲಿ, ಅರ್ಧ ಗಟ್ಟಿ ನೆಲದ ಮೇಲೆ ಅರ್ಧ ತುಂಬಿದ ಮಣ್ಣಿನ ಮೇಲೆ ನಿಂತ ಮನೆಗೆ ಈ ಸಾಲು ಎಷ್ಟು ಮುಖ್ಯ ಎಂದು ಯೋಚಿಸಿ. ಮೂರನೇ ಮಳೆಗೆ ತುಂಬಿದ ಬದಿ ಕುಗ್ಗಿ ಗೋಡೆ ಬಿರಿದರೆ ವಿಮೆ ಕೈಕೊಡುತ್ತದೆ, ಕಂತು ಮಾತ್ರ ಇನ್ನೂ ಹದಿನೇಳು ವರ್ಷ ಇರುತ್ತದೆ.

ಜಮ್ಮಾ ಜಾಗ, ಅಂದರೆ ಒಕ್ಕಕ್ಕೆ (ಒಂದೇ ಕುಲದ ಕೂಡುಕುಟುಂಬಕ್ಕೆ) ವಂಶಪಾರಂಪರ್ಯವಾಗಿ ಬಂದ ಜಮೀನಿನ ವಿಷಯ ಈ ಜಿಲ್ಲೆಗೇ ವಿಶೇಷ. ಪಹಣಿಯಲ್ಲಿ ಪಟ್ಟೇದಾರರ (ಒಕ್ಕದ ಹಿರಿಯರ) ಹೆಸರು, ಜೊತೆಗೆ ಒಕ್ಕದ ಹಲವರ ಹೆಸರು. ಮನೆ ಕಟ್ಟುವ ಮಗನ ಹೆಸರಿಗೆ ಪ್ರತ್ಯೇಕ ದಾಖಲೆಯಿಲ್ಲ, ಭೂ ಪರಿವರ್ತನೆ ಆಗಿಲ್ಲ. ಬ್ಯಾಂಕಿನ ವಕೀಲರು ಒಪ್ಪುವುದಿಲ್ಲ. ಕೊನೆಗೆ ದಾಖಲೆ ಹೆಚ್ಚು ಕೇಳದ ಕಡೆ ಶೇ 12ಕ್ಕೆ ಸಾಲ ಆಗುತ್ತದೆ ಎನ್ನಿ. 30 ಲಕ್ಷಕ್ಕೆ 20 ವರ್ಷದ ಬಡ್ಡಿ ಆಗ 49.28 ಲಕ್ಷ. ಶೇ 8.5ರ ಸಾಲಕ್ಕಿಂತ 16.8 ಲಕ್ಷ ಹೆಚ್ಚು. ಒಂದು ದಾಖಲೆ ಸರಿಯಾಗದೆ ಇರುವುದರ ಬೆಲೆ ಅದು. ಒಕ್ಕದ ಎಲ್ಲರ ಒಪ್ಪಿಗೆ ಪಡೆದು ಪಾಲುಪಟ್ಟಿ, ಪೋಡಿ (ಪಾಲಿನ ಜಾಗ ಅಳೆದು ಪ್ರತ್ಯೇಕ ದಾಖಲೆ ಮಾಡುವುದು), ಪರಿವರ್ತನೆ ಮಾಡಿಸಲು ಒಂದೆರಡು ವರ್ಷ ಹಿಡಿದರೂ ಕಾಯುವುದು ಲಾಭ. ಕಂದಾಯ ಇಲಾಖೆ ಈ ಕಡತಗಳನ್ನು ಬೇಗ ವಿಲೇವಾರಿ ಮಾಡಿದರೆ ಎಷ್ಟು ಕುಟುಂಬಗಳಿಗೆ ಎಷ್ಟು ಲಕ್ಷ ಉಳಿಯುತ್ತದೆಂಬುದನ್ನು, ಮಾನ್ಯ ಜಿಲ್ಲಾಧಿಕಾರಿಗಳೇ, ಮೇಲಿನ ಒಂದು ಲೆಕ್ಕದಿಂದಲೇ ಊಹಿಸಬಹುದು.

ಕಂತು ತಿಂಗಳಿಗೊಮ್ಮೆ, ತೋಟದ ಆದಾಯ ವರ್ಷಕ್ಕೊಮ್ಮೆ. ಕಾಫಿ, ಮೆಣಸಿನ ದುಡ್ಡು ಜನವರಿಯಿಂದ ಏಪ್ರಿಲ್ ಒಳಗೆ ಬರುತ್ತದೆ. ಜೂನ್‌ನಿಂದ ಗೊಬ್ಬರ, ಶಾಲೆಯ ಫೀಸು, ಮಳೆಗಾಲದ ಖರ್ಚು. ಜೂನ್, ಜುಲೈ, ಆಗಸ್ಟ್ ಕಂತು ತಪ್ಪಿ ಬಾಕಿ 90 ದಿನ ಮೀರಿದರೆ ಖಾತೆ ಎನ್‌ಪಿಎ, ಅಂದರೆ ವಸೂಲಾಗದ ಸಾಲ, ಎಂದಾಗುತ್ತದೆ. ಬೆಳೆ ಸಾಲಕ್ಕೆ ಬೆಳೆಯ ಹಂಗಾಮು ನೋಡಿ ಲೆಕ್ಕ ಹಾಕುವ ನಿಯಮವಿದೆ, ಆದರೆ ಅದೇ ಬೆಳೆಗಾರನ ಮನೆ ಸಾಲಕ್ಕೆ ಸಾಮಾನ್ಯವಾಗಿ 90 ದಿನವೇ. ನಂತರ, ಬ್ಯಾಂಕ್ ಕೋರ್ಟಿಗೆ ಹೋಗದೆ ಅಡವಿಟ್ಟ ಆಸ್ತಿಯನ್ನು ವಶಪಡಿಸಿಕೊಳ್ಳಬಹುದಾದ 2002ರ ಸರ್ಫೇಸಿ ಕಾಯ್ದೆಯಡಿ 60 ದಿನದ ನೋಟಿಸು. ಹೊಸ ಕಾಫಿ ಹಣ್ಣಾಗುವ ಮೊದಲೇ ನೋಟಿಸು ಬಂದು ಬಾಗಿಲಲ್ಲಿ ನಿಂತಿರುತ್ತದೆ. ಇದಕ್ಕೆ ಸರಳ ಉಪಾಯ: ಮಾರ್ಚ್‌ನಲ್ಲಿ ದುಡ್ಡು ಕೈಯಲ್ಲಿರುವಾಗಲೇ ನಾಲ್ಕು ಕಂತಿನಷ್ಟು, ನಮ್ಮ ಲೆಕ್ಕದಲ್ಲಿ 1,04,140 ರೂಪಾಯಿ, ಕಂತು ಕಡಿತವಾಗುವ ಉಳಿತಾಯ ಖಾತೆಯಲ್ಲಿ ಇಟ್ಟುಬಿಡಿ, ಅದನ್ನು ಮುಟ್ಟಬೇಡಿ.

ಅದರ ಮೇಲೆ ಉಳಿದರೆ ಅಸಲಿಗೆ ಕಟ್ಟಿ. ವ್ಯಕ್ತಿಯ ಹೆಸರಿನ ಫ್ಲೋಟಿಂಗ್ ದರದ ಮನೆ ಸಾಲಕ್ಕೆ ಮುಂಗಡ ಪಾವತಿಯ ದಂಡ ಇಲ್ಲ. ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಅಸಲಿಗೆ ಕಟ್ಟಿದರೆ ಕೊನೆಯ 18 ಕಂತು ಇಲ್ಲವಾಗುತ್ತವೆ. ನಿವ್ವಳ ಉಳಿತಾಯ 3.7 ಲಕ್ಷ. ಪ್ರತಿ ವರ್ಷ ಕೊಯ್ಲಿನ ನಂತರ 50,000 ಕಟ್ಟುತ್ತಾ ಹೋದರೆ 20 ವರ್ಷದ ಸಾಲ 14 ವರ್ಷ 7 ತಿಂಗಳಿಗೆ ಮುಗಿಯುತ್ತದೆ, ಬಡ್ಡಿಯಲ್ಲಿ ಸುಮಾರು 9.9 ಲಕ್ಷ ಉಳಿಯುತ್ತದೆ. ಇಲ್ಲಿ ಆಗುವ ತಪ್ಪು ಒಂದು: ಹೆಚ್ಚುವರಿ ದುಡ್ಡು ಕಟ್ಟಿ ಬಂದರೆ ಸಾಲದು. ‘ಈ ಮೊತ್ತವನ್ನು ಅಸಲಿಗೆ ಜಮಾ ಮಾಡಿ, ಕಂತು ಹಾಗೇ ಇಟ್ಟು ಅವಧಿ ಕಡಿಮೆ ಮಾಡಿ’ ಎಂದು ಬರೆದು ಕೊಡಬೇಕು. ಇಲ್ಲವಾದರೆ ಮುಂದಿನ ಕಂತುಗಳ ಮುಂಗಡವೆಂದು ಜಮಾ ಆಗಬಹುದು, ಅಥವಾ ಅವಧಿ ಬಿಟ್ಟು ಕಂತು ಇಳಿಸಬಹುದು. ಎರಡರಲ್ಲೂ ಲಾಭದ ಬಹುಭಾಗ ಕೈತಪ್ಪುತ್ತದೆ.

ತೆರಿಗೆ ಉಳಿತಾಯದ ಮಾತು ಕೇಳಿ ದೊಡ್ಡ ಸಾಲ ಮಾಡಬೇಡಿ. ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಹಳೆ ತೆರಿಗೆ ಪದ್ಧತಿಯಲ್ಲಿ ಮಾತ್ರ, ಅದೂ ಮನೆ ಐದು ವರ್ಷದೊಳಗೆ ಮುಗಿದರೆ. ಕೃಷಿ ಆದಾಯ ಬಿಟ್ಟರೆ ಬೇರೆ ಆದಾಯ ಇಲ್ಲದ ಸಣ್ಣ ಬೆಳೆಗಾರನಿಗೆ ಉಳಿಸಲು ತೆರಿಗೆಯೇ ಇರುವುದಿಲ್ಲ.

ಸಾಲ ತೀರಿದ ದಿನವನ್ನೂ ಮರೆಯಬಾರದು. 2023ರ ಡಿಸೆಂಬರ್ 1ರಿಂದ ಇರುವ ನಿಯಮದಂತೆ, ಪೂರ್ತಿ ಕಟ್ಟಿದ 30 ದಿನದೊಳಗೆ ಮೂಲ ದಾಖಲೆಗಳನ್ನು ಬ್ಯಾಂಕ್ ವಾಪಸು ಕೊಡಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ದಾಖಲೆ ಪಡೆದ ಮೇಲೆ ಉಪನೋಂದಣಾಧಿಕಾರಿ ಕಚೇರಿಯಲ್ಲಿ ಅಡಮಾನ ತೆರವುಗೊಳಿಸಿ ಹೊಸ ಇಸಿ (ಋಣಭಾರ ಪ್ರಮಾಣಪತ್ರ) ತೆಗೆಸಿ. ಪಹಣಿಯಲ್ಲಿ ಸಾಲದ ನಮೂದು ಇದ್ದರೆ ಅದನ್ನೂ ತೆಗೆಸಿ. ಇದನ್ನು ಮಾಡದೆ ಬಿಟ್ಟ ಮನೆಗಳಲ್ಲಿ ಮುಂದಿನ ತಲೆಮಾರಿನವರು ಪಾಲಾಗುವಾಗ ಕಷ್ಟ ಪಡುತ್ತಾರೆ.

ಮಾನ್ಯ ಜಿಲ್ಲಾಧಿಕಾರಿಗಳಲ್ಲಿ ಮತ್ತು ಲೀಡ್ ಬ್ಯಾಂಕಿನವರಲ್ಲಿ ನಮ್ಮ ಕೋರಿಕೆ ಇಷ್ಟು. ಮೂರು ತಿಂಗಳಿಗೊಮ್ಮೆ ನಡೆಯುವ ಸಮಾಲೋಚನಾ ಸಮಿತಿ ಸಭೆಯಲ್ಲಿ ಸಾಲ ವಿತರಣೆಯ ಗುರಿ ಕೇಳುವಂತೆ ಇದನ್ನೂ ಕೇಳಿ: ಈ ತ್ರೈಮಾಸಿಕದಲ್ಲಿ ಎಷ್ಟು ಮನೆ ಸಾಲಗಾರರಿಗೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟನ್ನು ಕನ್ನಡದಲ್ಲಿ ಕೊಟ್ಟಿರಿ, ಎಷ್ಟು ಸಾಲಗಳ ಅವಧಿ ಮಂಜೂರಾತಿಯ ಅವಧಿಗಿಂತ ಬೆಳೆದಿದೆ, ಅವರಲ್ಲಿ ಎಷ್ಟು ಜನರ ಆಯ್ಕೆಯನ್ನು ಲಿಖಿತವಾಗಿ ಪಡೆದಿದ್ದೀರಿ. ತ್ರೈಮಾಸಿಕ ಹೇಳಿಕೆಯನ್ನು ಕೇಳಿದವರಿಗೆ ಕನ್ನಡದಲ್ಲಿ ಮುದ್ರಿಸಿ ಶಾಖೆಯಲ್ಲೇ ಕೊಡುವಂತೆ ಸೂಚಿಸಿ. ತೋಟದ ಆದಾಯವನ್ನೇ ನಂಬಿದವರಿಗೆ ಕೊಯ್ಲಿನ ತಿಂಗಳುಗಳಲ್ಲಿ ಹೆಚ್ಚು, ಮಳೆಗಾಲದಲ್ಲಿ ಕಡಿಮೆ ಕಟ್ಟುವಂಥ ಮನೆ ಸಾಲವನ್ನು ರೂಪಿಸಲು ಬ್ಯಾಂಕುಗಳ ಮುಖ್ಯ ಕಚೇರಿಗೆ ಜಿಲ್ಲೆಯಿಂದ ಪ್ರಸ್ತಾವ ಕಳಿಸಿ. ಇಳಿಜಾರಿನ ಮನೆಗೆ ತಡೆಗೋಡೆ ಮತ್ತು ಚರಂಡಿಯ ಖರ್ಚು ಅಂದಾಜಿನಲ್ಲಿ ಇದೆಯೇ ಎಂದು ಮಂಜೂರಾತಿಗೆ ಮೊದಲೇ ನೋಡುವಂತೆ ಹೇಳಿ.

ಈಗಾಗಲೇ ಸಾಲ ಕಟ್ಟುತ್ತಿರುವವರು ಸಭೆಯ ತನಕ ಕಾಯಬೇಕಾಗಿಲ್ಲ. ಕೆಳಗಿನ ಸಾಲುಗಳನ್ನು ಬಿಳಿ ಹಾಳೆಯಲ್ಲಿ ಬರೆದು ನಿಮ್ಮ ಶಾಖೆಗೆ ಕೊಟ್ಟು, ನಕಲಿನ ಮೇಲೆ ತಾರೀಕು ಸಹಿತ ಮೊಹರು ಹಾಕಿಸಿಕೊಳ್ಳಿ. 30 ದಿನದಲ್ಲಿ ಉತ್ತರ ಬಾರದಿದ್ದರೆ, ಅಥವಾ ಬಂದ ಉತ್ತರ ಸಮಾಧಾನ ತರದಿದ್ದರೆ, ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ ದೂರು ಕೊಡಬಹುದು. ಮಾಹಿತಿಗೆ 14448ಕ್ಕೆ ಕರೆ ಮಾಡಿ.

‘ನನ್ನ ಮನೆ ಸಾಲದ ಖಾತೆಯಲ್ಲಿ (1) ಮಂಜೂರಾದಾಗ ಇದ್ದ ಕಂತುಗಳ ಸಂಖ್ಯೆ ಮತ್ತು ಇಂದು ಉಳಿದಿರುವ ಕಂತುಗಳ ಸಂಖ್ಯೆ, (2) ಈವರೆಗೆ ವಸೂಲಾದ ಅಸಲು ಮತ್ತು ಬಡ್ಡಿ ಬೇರೆ ಬೇರೆಯಾಗಿ, (3) ಇಂದಿನ ರೆಪೊ ದರ, ಅದರ ಮೇಲೆ ನನಗೆ ಹಾಕಿರುವ ಹೆಚ್ಚುವರಿ ದರ (ಸ್ಪ್ರೆಡ್), ಹೊಸ ಸಾಲಗಾರರಿಗೆ ಈಗ ಹಾಕುವ ಸ್ಪ್ರೆಡ್, ಅದಕ್ಕೆ ಬದಲಾಯಿಸಲು ತಗಲುವ ಶುಲ್ಕ, (4) ಮೂಲ ಅವಧಿಯೊಳಗೆ ಸಾಲ ಮುಗಿಯಲು ಇಂದಿನಿಂದ ಕಟ್ಟಬೇಕಾದ ಕಂತು, ಇಷ್ಟನ್ನು ಕನ್ನಡದಲ್ಲಿ ಲಿಖಿತವಾಗಿ ಕೊಡಬೇಕೆಂದು ಕೋರುತ್ತೇನೆ.’

ಇಂತಿ ತಮ್ಮ ವಿಶ್ವಾಸಿಗಳು,
ಸಾಲದ ಲೆಕ್ಕಪತ್ರ ನೋಡುವ ಕೊಡಗಿನ ಕೆಲವರು
ಮಡಿಕೇರಿ